ಅಪ್ಪಯ್ಯನ ಕಥೆಯ ಹಡಗು 1132ಕ್ಕೆ ಹೋಗಿ ಮುಟ್ಟಿದರೆ, ಹಡಗಿನಲ್ಲಿ ಅದು ಮೊದಲು ಗೊತ್ತಾಗುವುದು ಯಾರಿಗೆ?

ಮರವಂತೆ ಹುಡುಗಿ:

ಇಲ್ಲಿ ಹಡಗಿನಲ್ಲಿ ದುಡಿದವರೂ ಇದ್ದೀರಿ, ತುಳುನಾಡಿನ ಇತಿಹಾಸ ಓದಿದವರೂ ಇದ್ದೀರಿ. ನನಗೆ ಇಬ್ಬರ ಸಹಾಯವೂ ಬೇಕು. ಪ್ರಶ್ನೆ ಕೇಳುವ ಮುಂಚೆ ಸ್ವಲ್ಪ ಹಿನ್ನೆಲೆ ಹೇಳಲೇಬೇಕು, ಉದ್ದವಾಯಿತು ಅಂತ ಬೇಜಾರು ಮಾಡಿಕೊಳ್ಳಬೇಡಿ.

ನಮ್ಮ ಅಪ್ಪಯ್ಯ ಸರಕು ಹಡಗಿನಲ್ಲಿ ಸುಕಾನಿಯಾಗಿದ್ದರು. ಚುಕ್ಕಾಣಿ ಹಿಡಿಯುವ ಕೆಲಸ. ಒಮ್ಮೆ ಹಡಗು ಹತ್ತಿದರೆ ಒಂಬತ್ತು ತಿಂಗಳು, ಕೆಲವು ಸಲ ಹನ್ನೊಂದು. ನನಗೆ ಏಳು ತುಂಬುವ ವರ್ಷ ಅವರ ಹಡಗು ಜಪಾನಿನಿಂದ ಕೆನಡಾಕ್ಕೆ ಖಾಲಿ ಹೋಗುತ್ತಿತ್ತು. ಪೆಸಿಫಿಕ್ ಸಾಗರದ ನಡುವೆ ಅವರು ದಿನರೇಖೆ ದಾಟಿದ್ದು ಸರಿಯಾಗಿ ನಾನು ಹುಟ್ಟಿದ ದಿನ. ಪೂರ್ವಕ್ಕೆ ಹೋಗುವ ಹಡಗಿನಲ್ಲಿ ಆ ರೇಖೆ ದಾಟಿದರೆ ಅದೇ ತಾರೀಕು ಮಾರನೇ ದಿನ ಮತ್ತೆ ಬರುತ್ತದೆ. ಆಮೇಲೆ ಬಂದ ನೀಲಿ ಏರ್‌ಮೇಲ್ ಕಾಗದದಲ್ಲಿ ಬರೆದಿದ್ದರು: "ಮಗಾ, ನಿನ್ ಹುಟ್ಟಿದ್ ದಿನ ಈ ಸಲ ನಂಗೆ ಎರಡ್ ಸಲ ಬಂತ್. ಎರಡೂ ದಿನ ಭಂಡಾರಿ ಹತ್ರ ಹೇಳಿ ಪಾಯ್ಸ ಮಾಡ್ಸಿದೆ." ಭಂಡಾರಿ ಅಂದರೆ ಹಡಗಿನ ಅಡುಗೆಯವನು. ಆ ಕಾಗದ ಈಗಲೂ ನನ್ನ ಹತ್ತಿರ ಇದೆ.

ರಜೆಗೆ ಬಂದಾಗ ನಾನು ಕೇಳಿದೆ, ಒಂದು ದಿನ ಹಿಂದಕ್ಕೆ ಹೋಗಬಹುದಾದರೆ ನೂರು ವರ್ಷ ಹಿಂದಕ್ಕೆ ಹೋಗಬಾರದಾ ಅಂತ. ಅವತ್ತು ರಾತ್ರಿಯೇ 'ಸೌಪರ್ಣಿಕಾ' ಎಂಬ ಹಡಗು ಹುಟ್ಟಿತು. ಪಣಂಬೂರಿನಲ್ಲಿ ಕುದುರೆಮುಖದ ಅದಿರಿನ ಉಂಡೆ ತುಂಬಿಕೊಂಡು ಚೀನಾಕ್ಕೆ ಹೊರಡುವ ಹಡಗು. ದಾರಿಯಲ್ಲಿ ಕಾಲ ತಪ್ಪಿ ಎಂಟುನೂರು ವರ್ಷ ಹಿಂದಿನ ಮಂಗಳೂರಿನ ಮುಂದೆ ಬಂದು ನಿಲ್ಲುತ್ತದೆ. ಪ್ರತಿ ರಜೆಗೂ ಒಂದೊಂದು ತುಂಡು ಕಥೆ. ಹಡಗು ವಾಪಸು ಬಂದದ್ದು ಹೇಗೆ ಅಂತ ಕೇಳಿದರೆ "ಅದ್ ಬಪ್ಪು ಸಲ" ಅನ್ನುತ್ತಿದ್ದರು. ಅಪ್ಪಯ್ಯ ತೀರಿಕೊಂಡು ಈಗ ಎರಡು ವರ್ಷ.

ಅವರ ತಗಡಿನ ಪೆಟ್ಟಿಗೆಯಲ್ಲಿ ಸಿಡಿಸಿ ಪುಸ್ತಕಗಳಿವೆ (ನಾವಿಕನ ಸೇವೆಯ ದಾಖಲೆ), ಕ್ಯಾನ್ವಾಸ್ ಹೊಲಿಯುವಾಗ ಅಂಗೈಗೆ ಹಾಕಿಕೊಳ್ಳುವ ಚರ್ಮದ ಪಟ್ಟಿ ಇದೆ, ತುದಿಗೆ ಬಟ್ಟೆ ಒಣಹಾಕುವ ಕ್ಲಿಪ್ ಕಟ್ಟಿದ ತಾಮ್ರದ ತಂತಿಯ ಒಂದು ಸುರುಳಿ ಇದೆ, ಒಂದು ಡೈರಿ ಇದೆ. ಡೈರಿಯಲ್ಲಿ ಕಥೆ ಇಲ್ಲ. ಯಾವ ದಿನ ಗಡಿಯಾರ ಎಷ್ಟು ಹಿಂದೆ ಮಾಡಿದರು, ಎಷ್ಟು ಮುಂದೆ ಮಾಡಿದರು ಅನ್ನುವುದು ಮಾತ್ರ, ಕನ್ನಡದಲ್ಲಿ, ಪುಟಗಟ್ಟಲೆ. ಈಗ ಅಕ್ಕನ ಮಗ ಎಂಟು ವರ್ಷದವನು ಅಜ್ಜಯ್ಯನ ಹಡಗಿನ ಕಥೆ ಕೇಳುತ್ತಾನೆ. ಬರೆಯಲು ಕೂತು ನಲವತ್ತು ಪುಟವಾಗಿ ನಿಂತುಬಿಟ್ಟಿದೆ. ಅಪ್ಪಯ್ಯ ಹಡಗಿನ ವಿಷಯದಲ್ಲಿ ಒಂದು ಸುಳ್ಳು ಬೋಲ್ಟ್ ಕೂಡ ಹೇಳುತ್ತಿರಲಿಲ್ಲ. ನಾನೂ ಹೇಳಬಾರದು.

ನಾನು ಇಟ್ಟುಕೊಂಡದ್ದು 1999ನೇ ಇಸವಿ, ಹೋಗಿ ಮುಟ್ಟುವುದು 1132. ಆ ವರ್ಷ ಯಾಕೆಂದರೆ, ಮಂಗಳೂರಿನಲ್ಲಿ ಆಗ ಒಬ್ಬ ಯಹೂದಿ ವ್ಯಾಪಾರಿ ಇದ್ದ, ಅವನ ಕಾಗದಗಳು ಸಿಕ್ಕಿವೆ ಅಂತ ಎಲ್ಲೋ ಓದಿದ್ದೆ. ಈಗ ಪ್ರಶ್ನೆ. ಕಾಲ ತಪ್ಪಿದ ಮೇಲೆ ಹಡಗಿನಲ್ಲಿ ಅದು ಮೊದಲು ಯಾರಿಗೆ, ಯಾವುದರಿಂದ ಗೊತ್ತಾಗುತ್ತದೆ? ಇಸವಿ ಯಾವುದು ಅಂತ ಅವರಿಗೆ ತಿಳಿಯುವುದು ಹೇಗೆ? ಎಷ್ಟು ದಿನ ಬದುಕಬಹುದು? ದಡದಲ್ಲಿ ಯಾರು ಸಿಗುತ್ತಾರೆ, ಯಾವ ಭಾಷೆ?


ನಾಲ್ಕರಿಂದ ಎಂಟು:

ತಂಗಿ, ನಾನು ಅದಿರು ಸಾಗಿಸುವ ಹಡಗುಗಳಲ್ಲೇ ಚೀಫ್ ಆಫೀಸರ್ ಆಗಿ ನಿವೃತ್ತನಾದವನು. ಪಣಂಬೂರಿನಲ್ಲಿ ನಾನೇ ನಿಂತು ಲೋಡ್ ಮಾಡಿಸಿದ್ದೇನೆ. ಕೆಂಗಪ್ಪು ಉಂಡೆಗಳು, ಗೋಲಿಗಿಂತ ಸ್ವಲ್ಪ ಸಣ್ಣವು, ಬೆಲ್ಟಿನಿಂದ ಹಡಗಿನ ಸರಕು ತುಂಬುವ ಹೋಲ್ಡಿಗೆ ಬೀಳುವಾಗ ದೊಡ್ಡ ಮಳೆ ಹೊಯ್ದ ಸದ್ದು. ನಿಮ್ಮ ಅಪ್ಪಯ್ಯ ಆರಿಸಿದ ಸರಕು ಸರಿಯಾಗಿದೆ.

ಮೊದಲು ಒಂದು ಎಚ್ಚರಿಕೆ. ಹಡಗು ಬಂದರಿನಲ್ಲಿ ಕಟ್ಟಿರುವಾಗ ಕಾಲ ತಪ್ಪಿಸಬೇಡಿ. ಪಣಂಬೂರು ಸ್ವಾಭಾವಿಕ ಬಂದರಲ್ಲ, ನೆಲ ಅಗೆದು ಮಾಡಿದ್ದು. ಮೇಜರ್ ಬಂದರು ಎಂದು ಘೋಷಣೆಯಾದದ್ದೇ 1974ರಲ್ಲಿ. 1132ರಲ್ಲಿ ಅಲ್ಲಿ ಮರಳು, ತೆಂಗು, ಗದ್ದೆ. ಹಡಗು ಮಣ್ಣಿನೊಳಗೆ ಹೂತುಹೋಗುತ್ತದೆ. ಸಮುದ್ರಕ್ಕೆ ಬಂದ ಮೇಲೆಯೇ ಆಗಲಿ.

ಇಸವಿ 1999 ಅಂದಿರಲ್ಲ, ಹಾಗಾದರೆ ದಿನವನ್ನೂ ನಾನೇ ಕೊಡುತ್ತೇನೆ: ಆಗಸ್ಟ್ 22, ಭಾನುವಾರ, ಬೆಳಿಗ್ಗೆ ಐದೂವರೆ. ಜಿಪಿಎಸ್ ಉಪಗ್ರಹಗಳು ವಾರಗಳನ್ನು ಎಣಿಸುತ್ತವೆ. 1980ರ ಜನವರಿ 6ರಿಂದ ಶುರು, 1023ನೇ ವಾರ ಮುಗಿದ ಮೇಲೆ ಮತ್ತೆ ಸೊನ್ನೆ. ಆ ಸೊನ್ನೆ ಮೊದಲ ಸಲ ಬಂದದ್ದು ಗ್ರೀನಿಚ್ ಸಮಯದ ಆಗಸ್ಟ್ 21ರ ನಡುರಾತ್ರಿ, ಅಂದರೆ ನಮ್ಮ ಬೆಳಗಿನ ಐದೂವರೆ. ಹಳೇ ರಿಸೀವರ್‌ಗಳು ಅವತ್ತು ತಾರೀಕನ್ನು 1980ಕ್ಕೆ ಒಯ್ದು ಕೂರಿಸುವ ಭಯವಿತ್ತು. ನಮ್ಮ ಹಡಗಿಗೂ ಮೊದಲೇ ಟೆಲೆಕ್ಸ್ ಬಂದಿತ್ತು: ಆ ಹೊತ್ತಿಗೆ ಜಿಪಿಎಸ್ ಏನಾದರೂ ಮಾಡಿದರೆ ಗಾಬರಿಯಾಗಬೇಡಿ, ಬಂದ್ ಮಾಡಿ ಮತ್ತೆ ಶುರು ಮಾಡಿ ಅಂತ. ನಿಮ್ಮ ಕಥೆಗೆ ಇದರಿಂದ ಎಷ್ಟು ಅನುಕೂಲ ನೋಡಿ. ಐದೂವರೆಗೆ ಜಿಪಿಎಸ್ ಸತ್ತುಹೋಗುತ್ತದೆ, ಅಲಾರಂ ಕೂಗುತ್ತದೆ, ಆದರೆ ಹಡಗು ನಡೆಸುವ ಕೋಣೆಯಲ್ಲಿ, ಅಂದರೆ ಬ್ರಿಡ್ಜಿನಲ್ಲಿ, ಯಾರಿಗೂ ಅನುಮಾನ ಬರುವುದಿಲ್ಲ. ಗೊತ್ತಿದ್ದದ್ದೇ ಆಯಿತು ಅಂತ ಅಲಾರಂ ಒತ್ತಿ ಸುಮ್ಮನಾಗುತ್ತಾರೆ.

ಬೆಳಗಿನ ನಾಲ್ಕರಿಂದ ಎಂಟು ಚೀಫ್ ಮೇಟನ (ಚೀಫ್ ಆಫೀಸರನ) ವಾಚ್, ಅಂದರೆ ಕಾವಲಿನ ಪಾಳಿ. ಅವನ ಜೊತೆ ಒಬ್ಬ ಸುಕಾನಿ. ಅದು ನಿಮ್ಮ ಅಪ್ಪಯ್ಯನೇ ಇರಲಿ. ರಾತ್ರಿ ಎರಡಕ್ಕೆ ಬಂದರು ಬಿಟ್ಟರೆ ಐದೂವರೆಗೆ ಕಾಸರಗೋಡು ದಾಟಿರುತ್ತಾರೆ. ಆಗಸ್ಟ್, ಮಳೆ, ಅಲೆ. ದೀಪಸ್ತಂಭದ ಬೆಳಕು ಕಾಣದಿದ್ದರೂ ಮಳೆಗೆ ಮುಚ್ಚಿದೆ ಅಂದುಕೊಳ್ಳುತ್ತಾರೆ. ರಾಡಾರ್ ಕೆಲಸ ಮಾಡುತ್ತದೆ, ದಡದ ಗೆರೆ ತೋರಿಸುತ್ತದೆ. ಆಳ ಅಳೆಯುವ ಎಕೋ ಸೌಂಡರ್ ಕೆಲಸ ಮಾಡುತ್ತದೆ. ಜೈರೋ ದಿಕ್ಸೂಚಿ ಭೂಮಿ ತಿರುಗುವುದರ ಮೇಲೆ ನಿಂತದ್ದು, ಅದಕ್ಕೆ ಯಾವ ಶತಮಾನವಾದರೂ ಒಂದೇ. ವಿಎಚ್‌ಎಫ್ ಚಾನೆಲ್ 16, ಹಡಗುಗಳು ಒಂದನ್ನೊಂದು ಕರೆಯುವ ರೇಡಿಯೋ, ಅದು ಮಾತ್ರ ಮೌನ. ಸಮುದ್ರದಲ್ಲಿ 16 ಪೂರ್ತಿ ಮೌನವಾಗುವುದು ಅಂದರೇನು ಅಂತ ಕೇಳಿದವರಿಗೇ ಗೊತ್ತು. ಯಾರಾದರೂ ಒಬ್ಬ ಯಾರನ್ನಾದರೂ ಕರೆಯುತ್ತಲೇ ಇರುತ್ತಾನೆ. ಅರ್ಧ ಗಂಟೆ ಒಂದು ದನಿಯೂ ಇಲ್ಲ ಅಂದರೆ ನನಗಾದರೆ ಮೈ ಜುಮ್ಮೆನ್ನುತ್ತದೆ.

ಇಸವಿ ಕಂಡುಹಿಡಿಯುವುದು ಹೇಗೆ ಎಂದಿರಿ. ಇದು ನನಗೆ ಬಹಳ ಇಷ್ಟವಾದ ಪ್ರಶ್ನೆ, ನಿನ್ನೆ ರಾತ್ರಿ ಹನ್ನೆರಡರವರೆಗೆ ಲೆಕ್ಕ ಹಾಕುತ್ತಾ ಕೂತಿದ್ದೆ. ಧ್ರುವನಕ್ಷತ್ರ ಇವತ್ತು ಆಕಾಶದ ಉತ್ತರ ಧ್ರುವದಿಂದ ಮುಕ್ಕಾಲು ಡಿಗ್ರಿಗಿಂತಲೂ ಕಡಿಮೆ ಆಚೆ ಇದೆ. ಯಾವಾಗಲೂ ಹೀಗಿರಲಿಲ್ಲ. ಭೂಮಿಯ ಅಕ್ಷ ನಿಧಾನವಾಗಿ ಬುಗುರಿಯ ಹಾಗೆ ಸುತ್ತು ಹಾಕುತ್ತದೆ, ಒಂದು ಸುತ್ತಿಗೆ ಸುಮಾರು 26,000 ವರ್ಷ. 1132ರಲ್ಲಿ ಧ್ರುವನಕ್ಷತ್ರ ಧ್ರುವದಿಂದ ಐದು ಡಿಗ್ರಿಗೂ ಸ್ವಲ್ಪ ಹೆಚ್ಚು ದೂರ. ಚೀಫ್ ಮೇಟ್ ಏನು ಮಾಡುತ್ತಾನೆ? ಮಧ್ಯಾಹ್ನ ಸೂರ್ಯ ನೆತ್ತಿಗೆ ಬಂದಾಗ ಸೆಕ್ಸ್ಟೆಂಟ್ (ಸೂರ್ಯ, ನಕ್ಷತ್ರಗಳ ಎತ್ತರದ ಕೋನ ಅಳೆಯುವ ಉಪಕರಣ) ಹಿಡಿದು ಅಕ್ಷಾಂಶ ತೆಗೆಯುತ್ತಾನೆ. ಸೂರ್ಯನ ಲೆಕ್ಕದಲ್ಲಿ ಎಂಟುನೂರು ವರ್ಷಕ್ಕೆ ಹೇಳುವಂಥ ಬದಲಾವಣೆ ಇಲ್ಲ, ಉತ್ತರ ಸರಿಯಾಗಿ ಬರುತ್ತದೆ. ಬೆಳಗಿನ ಜಾವ ಧ್ರುವನಕ್ಷತ್ರದಿಂದ ಅದೇ ಅಕ್ಷಾಂಶ ತೆಗೆದರೆ ಉತ್ತರ ಎರಡು ಡಿಗ್ರಿಗೂ ಮೇಲೆ ತಪ್ಪುತ್ತದೆ. ಎರಡು ಡಿಗ್ರಿ ಅಂದರೆ 120 ನಾಟಿಕಲ್ ಮೈಲಿ. ಎದುರಿಗೆ ಮಂಗಳೂರಿನ ದಡ ಕಾಣುತ್ತಿದೆ, ನಕ್ಷತ್ರ ಹೇಳುತ್ತದೆ ನೀನು ಗೋವಾದ ಹತ್ತಿರ ಇದ್ದೀ ಅಂತ. ಅವನು ಉಪಕರಣ ಕೆಟ್ಟಿದೆ ಅಂದುಕೊಂಡು ಗಾಜು ಒರೆಸುತ್ತಾನೆ, ಮತ್ತೆ ನೋಡುತ್ತಾನೆ, ಸೆಕೆಂಡ್ ಮೇಟನನ್ನು ಎಬ್ಬಿಸಿ ಅವನ ಕೈಯಲ್ಲೂ ನೋಡಿಸುತ್ತಾನೆ. ಆ ದೃಶ್ಯವನ್ನು ದಯವಿಟ್ಟು ಬರೆಯಿರಿ.

ಆಮೇಲೆ ಲೆಕ್ಕ. ಆ ನಕ್ಷತ್ರ ಧ್ರುವದ ಕಡೆಗೆ ಬರುವುದು ವರ್ಷಕ್ಕೆ ಹೆಚ್ಚುಕಡಿಮೆ 20 ಸೆಕೆಂಡ್ ಕೋನ. ಅಂದರೆ ಒಂದು ಮಿನಿಟ್ ಕೋನಕ್ಕೆ (ಡಿಗ್ರಿಯ ಅರವತ್ತನೇ ಒಂದು ಪಾಲಿಗೆ) ಮೂರು ವರ್ಷ. ಅಲ್ಲಾಡುವ ಡೆಕ್ ಮೇಲೆ ಒಳ್ಳೇ ಕೈಗೂ ಎರಡು ಮೂರು ಮಿನಿಟ್ ತಪ್ಪುತ್ತದೆ. ಆದ್ದರಿಂದ ಹಡಗಿನ ಮೇಲಿಂದಲೇ ಅವನು ಇಸವಿಯನ್ನು ಹತ್ತು ವರ್ಷ ಆಚೀಚೆಗೆ ಹೇಳಬಲ್ಲ. 1120ರಿಂದ 1140ರ ಒಳಗೆ ಎಲ್ಲೋ ಇದ್ದೇವೆ, ಅಷ್ಟು. ಆದರೆ ಮೋಡ ಬಿಡಬೇಕಲ್ಲ. ಮೂರು ದಿನ ಆಕಾಶವೇ ಕಾಣಿಸಬೇಡಿ. ನಾಲ್ಕನೇ ದಿನ ಬೆಳಗಿನ ಜಾವ ಮಳೆ ಸ್ವಲ್ಪ ಬಿಡುವು ಕೊಡಲಿ.

ಎಣ್ಣೆ: ನಮ್ಮ ಅಳತೆಯ ಹಡಗು ಓಡುವಾಗ ದಿನಕ್ಕೆ ಮೂವತ್ತು ಟನ್ನಿನ ಮೇಲೆ ಕುಡಿಯುತ್ತಿತ್ತು. ಲಂಗರು ಹಾಕಿ ಜನರೇಟರ್ ಮಾತ್ರ ಓಡಿಸಿದರೆ ಮೂರು ಟನ್. ಟ್ಯಾಂಕಿನಲ್ಲಿ 1,500 ಟನ್ ಇದ್ದರೆ ಓಡಾಡಿ ಐವತ್ತು ದಿನಕ್ಕೂ ಕಡಿಮೆ, ನಿಂತರೆ ಒಂದೂವರೆ ವರ್ಷಕ್ಕೂ ಹತ್ತಿರ. ಸಿಹಿನೀರು ಎಂಜಿನ್ನಿನ ಶಾಖದಿಂದ ಸಮುದ್ರದ ನೀರು ಕಾಸಿ ಮಾಡುವುದು, ಎಂಜಿನ್ ನಿಂತರೆ ಅದೂ ನಿಲ್ಲುತ್ತದೆ. ಅಕ್ಕಿ ಬೇಳೆ ಎರಡು ತಿಂಗಳಿಗೆ ಇರುತ್ತದೆ.


ಕದ್ರಿ ಗುಡ್ಡೆ:

ನಾನು ಮಂಗಳೂರಿನ ಕಾಲೇಜೊಂದರಲ್ಲಿ ಕನ್ನಡ ಮೇಷ್ಟ್ರು. ನೀವು ಓದಿದ ಆ ವ್ಯಾಪಾರಿಯ ಹೆಸರು ಅಬ್ರಹಾಂ ಬೆನ್ ಯಿಜು, ಟುನೀಷಿಯಾದ ಕಡೆಯವನು. ಸುಮಾರು 1149ರವರೆಗೆ, ಹದಿನೇಳು ವರ್ಷ, ಈ ಕರಾವಳಿಯಲ್ಲಿದ್ದ. ಅವನ ಕಾಗದಪತ್ರಗಳು ಕೈರೋ ನಗರದ ಹಳೇ ಯಹೂದಿ ಪ್ರಾರ್ಥನಾಮಂದಿರದ ಕೋಣೆಯೊಂದರಲ್ಲಿ ರಾಶಿಬಿದ್ದ ಹಾಳೆಗಳ ನಡುವೆ ಉಳಿದುಕೊಂಡವು. ದೇವರ ಹೆಸರು ಬರೆದ ಹಾಳೆ ಎಸೆಯಬಾರದೆಂದು ಅವರು ಎಲ್ಲವನ್ನೂ ಅಲ್ಲಿ ಹಾಕುತ್ತಿದ್ದರು. ಮಂಗಳೂರಿನಲ್ಲಿ 1132ರ ಅಕ್ಟೋಬರ್ 17ರಂದು ಅವನು ಅಶು ಎಂಬ ದಾಸಿಯನ್ನು ಬಿಡುಗಡೆ ಮಾಡಿ ಬರೆದುಕೊಟ್ಟ ಪತ್ರವಿದೆ. ನಿಮ್ಮ ಹಡಗು ಬರುವುದು ಅದಕ್ಕೆ ಎರಡು ತಿಂಗಳು ಮೊದಲು. ಅವನ ಕೆಲಸದವನ ಹೆಸರು ಬೊಮ್ಮ, ಶುದ್ಧ ನಮ್ಮ ಹೆಸರು. ಯಜಮಾನನ ಸರಕಿನ ಜೊತೆ ಬೊಮ್ಮ ಯೆಮನ್ ದೇಶದ ಬಂದರು ಏಡನ್‌ವರೆಗೂ ಹೋಗಿಬಂದಿದ್ದಾನೆ. ಬೆನ್ ಯಿಜುವಿಗೆ ಇಲ್ಲಿ ಕಂಚಿನ ಪಾತ್ರೆ ಮಾಡಿಸುವ ಕಾರ್ಖಾನೆ ಇತ್ತು. ಏಡನ್ನಿನ ಗೆಳೆಯರು ಒಡೆದ ಪಾತ್ರೆ, ತಾಮ್ರ ಕಳಿಸಿ ಇಂಥ ಅಳತೆಯ ದೀಪ, ಇಂಥ ಹರಿವಾಣ ಮಾಡಿಸಿ ಕಳಿಸು ಅಂತ ಬರೆಯುತ್ತಿದ್ದರು. ಅಲ್ಲಿಂದ ಅವನಿಗೆ ಬರುತ್ತಿದ್ದದ್ದು ಸಕ್ಕರೆ, ಒಣದ್ರಾಕ್ಷಿ ಮತ್ತು ಬರೆಯುವ ಕಾಗದ. ನಮ್ಮಲ್ಲಿ ಆಗ ತಾಳೆಗರಿ, ಕಾಗದ ಸಿಗುತ್ತಿರಲಿಲ್ಲ. ನಿಮ್ಮ ಹಡಗಿನವರು ದಡಕ್ಕಿಳಿಯುವಾಗ ಒಂದು ದಸ್ತು ಬಿಳಿ ಹಾಳೆ ತಗೊಂಡು ಹೋದರೆ ಬೆನ್ ಯಿಜುವಿಗೆ ಅದಕ್ಕಿಂತ ದೊಡ್ಡ ಉಡುಗೊರೆ ಇಲ್ಲ.

ಇಲ್ಲಿಂದ ಏಡನ್‌ಗೆ ಹೋಗುತ್ತಿದ್ದದ್ದು ಒಳ್ಳೆಮೆಣಸು (ಕಾಳುಮೆಣಸು), ಏಲಕ್ಕಿ, ಅಡಿಕೆ, ಮತ್ತೆ ಕಬ್ಬಿಣ. ಹೌದು, ಕಬ್ಬಿಣ. ಆ ಪತ್ರಗಳಲ್ಲಿ ಕಬ್ಬಿಣದ ಮಾತು ಮತ್ತೆ ಮತ್ತೆ ಬರುತ್ತದೆ. ಒಂದು ಪತ್ರದಲ್ಲಿ ಹಡಗು ಮುಳುಗಿದ ಸುದ್ದಿ ಇದೆ: ಮೆಣಸು ಪೂರ್ತಿ ಹೋಯಿತು, ಮುಳುಗುಗಾರರನ್ನು ಇಳಿಸಿ ಕಬ್ಬಿಣ ಅರ್ಧದಷ್ಟು ಎತ್ತಿಸಿದೆವು ಅಂತ. ನಿಮ್ಮ ಅಪ್ಪಯ್ಯನ ಹಡಗು ಅದಿರು ಹೊತ್ತು ಅದೇ ದಡದ ಮುಂದೆ ನಿಲ್ಲುತ್ತದಲ್ಲ, ಓದುತ್ತಾ ನನಗೆ ಕಣ್ಣು ತೇವವಾಯಿತು.

ಅರಸರು ಆಳುಪರು. ಅವರ ನಾಣ್ಯದ ಮೇಲೆ ಜೋಡಿಮೀನು. ಶಾಸನ ಹಾಕಿಸುತ್ತಿದ್ದದ್ದು ಕನ್ನಡದಲ್ಲಿ, ಊರಿನ ಮಾತು ತುಳು. ಘಟ್ಟದ ಮೇಲೆ ಹೊಯ್ಸಳ ವಿಷ್ಣುವರ್ಧನ, ಹಳೇಬೀಡಿನ ದೊಡ್ಡ ದೇವಸ್ಥಾನದ ಕೆಲಸ ನಡೆಯುತ್ತಿರುವ ಕಾಲ. ಭಾಷೆಯ ವಿಷಯ ಕೇಳಿದಿರಿ. ಈಗಿನ ಕನ್ನಡದವನು ಅಲ್ಲಿ ಹೋಗಿ 'ಹಾಲು' ಅಂದರೆ ತಿಳಿಯದೇ ಹೋಗಬಹುದು. ಹಳಗನ್ನಡದಲ್ಲಿ ಅದು 'ಪಾಲ್'. ಹುಲಿ 'ಪುಲಿ', ಹೋಗು 'ಪೋಗು', ಹತ್ತು 'ಪತ್ತು'. ಪಕಾರ ಹಕಾರವಾಗುತ್ತಿದ್ದ ಕಾಲವದು, ಹಳೆಯದೂ ಹೊಸದೂ ಎರಡೂ ಬಳಕೆಯಲ್ಲಿ. ತುಳುವಿನಲ್ಲಿ ಇವತ್ತಿಗೂ ಹುಲಿ 'ಪಿಲಿ', ಹಾಲು 'ಪೇರ್', ಹತ್ತು 'ಪತ್ತ್'. ಆದ್ದರಿಂದ ದಡಕ್ಕಿಳಿಯುವ ಮೊದಲ ದೋಣಿಯಲ್ಲಿ ತುಳು ಆಡುವ ಒಬ್ಬ ಇರಲಿ. ಡಿಗ್ರಿ ಓದಿದ ಆಫೀಸರ್‌ಗಳಿಗಿಂತ ಅವನ ಬಾಯಿ ಬೇಗ ನಡೆಯುತ್ತದೆ.

ಊಟದಲ್ಲಿ ಜಾಗ್ರತೆ. ಒಣಮೆಣಸು ಇಲ್ಲ, ಖಾರಕ್ಕೆ ಒಳ್ಳೆಮೆಣಸೇ. ಗೇರುಬೀಜ, ಟೊಮೆಟೊ, ಆಲೂಗಡ್ಡೆ, ಪಪ್ಪಾಯಿ, ಅನಾನಸು ಯಾವುದೂ ಇಲ್ಲ. ಅವೆಲ್ಲ ಪೋರ್ಚುಗೀಸರು ಬಂದ ಮೇಲಿನವು. ನಿಮ್ಮ ಭಂಡಾರಿಯ ಡಬ್ಬದಲ್ಲಿರುವ ಬ್ಯಾಡಗಿ ಮೆಣಸು ಆ ಊರಿನ ಯಾರೂ ನೋಡಿಲ್ಲದ ವಸ್ತು.

ಇನ್ನು ಇಸವಿ. ಮೇಲಿನ ಸರ್ ಸೆಕ್ಸ್ಟೆಂಟಿನಿಂದ ಇಪ್ಪತ್ತು ವರ್ಷದ ಕಿಂಡಿಗೆ ತಂದು ನಿಲ್ಲಿಸಿದ್ದಾರೆ. ಉಳಿದದ್ದನ್ನು ನಮ್ಮ ಪಂಚಾಂಗ ಮುಗಿಸುತ್ತದೆ. ದಡದಲ್ಲಿ ಯಾವ ಭಟ್ಟರನ್ನಾದರೂ ಇದು ಯಾವ ಸಂವತ್ಸರ ಅಂತ ಕೇಳಲಿ. ಅವರು 'ಪರಿಧಾವಿ' ಅನ್ನುತ್ತಾರೆ. 1999 ಪ್ರಮಾಥಿ. ಅರವತ್ತು ವರ್ಷದ ಚಕ್ರದಲ್ಲಿ ಪರಿಧಾವಿ 46ನೆಯದು. ಸಂವತ್ಸರ ಒಂದರಿಂದಲೇ ಇಸವಿ ಹೇಳಲು ಆಗುವುದಿಲ್ಲ, ಅರವತ್ತು ವರ್ಷಕ್ಕೊಮ್ಮೆ ಅದೇ ಹೆಸರು. ಸೆಕ್ಸ್ಟೆಂಟ್ ಒಂದರಿಂದಲೂ ಆಗುವುದಿಲ್ಲ. ಎರಡೂ ಸೇರಿದರೆ 1120ರಿಂದ 1140ರ ಒಳಗೆ ಪರಿಧಾವಿ ಒಂದೇ: 1132, ಶಕ 1054. ಹೆಸರುಗಳನ್ನು ಕ್ರಮವಾಗಿ ಬಾಯಿಪಾಠ ಹೇಳಬಲ್ಲವನು ಹಡಗಿನಲ್ಲಿ ಒಬ್ಬನಾದರೂ ಇರುತ್ತಾನೆ ಅಂತ ನನ್ನ ನಂಬಿಕೆ.

ಇಷ್ಟಾದರೂ ಹಡಗಿನವರ ಮನಸ್ಸು ಒಪ್ಪದಿದ್ದರೆ ಕದ್ರಿಗೆ ನಡೆದುಹೋಗಲಿ. ಮಂಜುನಾಥ ದೇವಸ್ಥಾನದ ಲೋಕೇಶ್ವರನ ಕಂಚಿನ ಮೂರ್ತಿ 968ರದು, ಆಳುಪ ಕುಂದವರ್ಮ ಮಾಡಿಸಿದ್ದು. ಮೂರು ಮುಖ, ಆರು ಕೈ. ಆ ಕಾಲಕ್ಕೂ ಈ ಕಾಲಕ್ಕೂ ಬದಲಾಗದೆ ನಿಂತಿರುವುದು ಅದೊಂದು. ಹಡಗು ಹತ್ತುವ ಮುಂಚೆ ಕದ್ರಿಗೆ ಹೋಗಿ ಕೈಮುಗಿದು ಬಂದವನೊಬ್ಬ ಸಿಬ್ಬಂದಿಯಲ್ಲಿ ಇದ್ದರೆ, ಅದೇ ಮುಖ ಮತ್ತೆ ನೋಡುತ್ತಾನೆ.


ಗಂಗೊಳ್ಳಿ ಬಾಗಿಲು:

ಅಕ್ಕ, ನಮ್ಮದು ಮೀನುಗಾರರ ಮನೆ. ಒಂದು ಮಾತು ಸೇರಿಸುತ್ತೇನೆ. ಆಗಸ್ಟ್ 22 ಅಂದರೆ 1999ರ ನೂಲ ಹುಣ್ಣಿಮೆಗೆ ಇನ್ನೂ ನಾಲ್ಕು ದಿನ ಇತ್ತು. ಸಮುದ್ರಪೂಜೆ ಆಗದೆ ಕಡಲಿಗೆ ಇಳಿಯುವ ಕ್ರಮ ನಮ್ಮಲ್ಲಿ ಇಲ್ಲ. ಹಾಯಿಯ ಕಾಲದಲ್ಲಂತೂ ಮಳೆಗಾಲ ಪೂರ್ತಿ ಕಡಲು ಮುಚ್ಚಿದ ಹಾಗೆ, ಹಡಗು ದೋಣಿ ಎಲ್ಲ ಹೊಳೆಯೊಳಗೆ, ತೆಂಗಿನ ಮಡಲಿನ ಅಡಿಗೆ. ಹಾಗಾಗಿ ನಿಮ್ಮ ಸೌಪರ್ಣಿಕಾ ಬಂದು ನಿಂತಾಗ ಎದುರಿಗೆ ಒಂದು ದೋಣಿಯೂ ಇರಲಿಕ್ಕಿಲ್ಲ. ಹೊಳೆ ಕಡಲು ಸೇರುವ ಅಳಿವೆ ಬಾಗಿಲಲ್ಲಿ ಅಲೆ ಮಡಚುತ್ತಿರುತ್ತದೆ. ದೊಡ್ಡ ಹಡಗು ಒಳಗೆ ಬರುವ ಮಾತೇ ಇಲ್ಲ, ಲೈಫ್‌ಬೋಟ್ ತಂದರೂ ಬಾಗಿಲಲ್ಲಿ ಮಗುಚುತ್ತದೆ. ಹೊಳೆ ಬಾಗಿಲು ಗೊತ್ತಿರುವವನು ಹಡಗಿನಲ್ಲಿ ಇರಬೇಕು. ಅಲೆ ಎಣಿಸಬೇಕು. ದೊಡ್ಡ ಅಲೆಗಳು ಒಂದರ ಹಿಂದೆ ಒಂದು ಬಂದು ಹೋದ ಮೇಲೆ ಸ್ವಲ್ಪ ಹೊತ್ತು ನೀರು ಸುಮ್ಮನಾಗುತ್ತದೆ, ಆಗ ಹೊಡೆಯಬೇಕು. ನಮ್ಮ ಅಜ್ಜ ಕೈ ಎತ್ತಿ ನಿಲ್ಲುತ್ತಿದ್ದರು, ಕೈ ಇಳಿಸಿದರೆ ಎಲ್ಲರೂ ಹುಟ್ಟು ಹಾಕುವುದು.

ದಡದವರ ಕಣ್ಣಿಗೆ ಹೇಗೆ ಕಾಣುತ್ತದೆ ಅನ್ನುವುದನ್ನೂ ಬರೆಯಿರಿ. ಹಗಲು ಬೂದು ಗೋಡೆ ಅನ್ನಿಸಬಹುದು. ರಾತ್ರಿ ಡೆಕ್ಕಿನ ಲೈಟು ಹಾಕಿದರೆ? ಎಣ್ಣೆ ದೀಪ ಬಿಟ್ಟು ಬೇರೆ ಬೆಳಕು ನೋಡದವರು ಅವರು.


ಮರವಂತೆ ಹುಡುಗಿ:

ಮೂರು ಸಲ ಓದಿದೆ, ಅಮ್ಮನಿಗೂ ಓದಿ ಹೇಳಿದೆ. ಅಲೆ ಎಣಿಸುವುದು ಕೇಳಿ ಅಮ್ಮ "ಅವ್ರ್ ಹಾಂಗೇ ಎಣ್ಸುದ್" ಅಂದರು. ಅಪ್ಪಯ್ಯ ಸಣ್ಣವರಿರುವಾಗ ಗಂಗೊಳ್ಳಿಯ ದೋಣಿಗೆ ಹೋಗುತ್ತಿದ್ದರಂತೆ. ದಡಕ್ಕೆ ಒಯ್ಯುವವರು ಯಾರು ಅಂತ ನನಗೆ ಇನ್ನು ಯೋಚನೆ ಇಲ್ಲ.

ಎರಡು ಸಂಶಯ ಉಳಿದವು. ಕಬ್ಬಿಣ ಬೇಕಾದ ಊರಿಗೆ ಅದಿರು ತಂದಿದ್ದಾರೆ. ಅದನ್ನು ಇಳಿಸಿ ಮಾರಬಹುದಾ? ಇನ್ನೊಂದು, ಮೊದಲು ಗೊತ್ತಾಗುವುದು ಯಾರಿಗೆ ಅನ್ನುವುದಕ್ಕೆ ಇನ್ನೂ ಉತ್ತರ ಸಿಗಲಿಲ್ಲ. ಚಾನೆಲ್ 16 ಮೌನ ಚೆನ್ನಾಗಿದೆ. ಆದರೆ ನಾನು ಹೀಗೆ ಬರೆದುಕೊಂಡಿದ್ದೆ: ಅಪ್ಪಯ್ಯ ಚುಕ್ಕಾಣಿ ಹಿಡಿದು ನಿಂತಿದ್ದಾರೆ, ಪಕ್ಕದಲ್ಲಿ ಟ್ರಾನ್ಸಿಸ್ಟರ್, ಆರು ಗಂಟೆಗೆ ಮುಂಚೆ ಮಂಗಳೂರು ಆಕಾಶವಾಣಿಯ ಬೆಳಗಿನ ಧುನ್ ಬರಬೇಕು, ಬರುವುದಿಲ್ಲ. ಇದು ಸರಿಯಾ?


ನಾಲ್ಕರಿಂದ ಎಂಟು:

ಮಾರುವ ಮಾತು. ಹಡಗಿನಲ್ಲಿ ಅರವತ್ತು ಸಾವಿರ ಟನ್ ಇದೆ ಅನ್ನಿ. ಈ ಹಡಗುಗಳಲ್ಲಿ ಹೆಚ್ಚಿನವಕ್ಕೆ ಸ್ವಂತ ಕ್ರೇನ್ ಇರುವುದಿಲ್ಲ, ಇಳಿಸುವುದು ಬಂದರಿನ ಕೆಲಸ. 1132ರಲ್ಲಿ ಬಂದರಿನ ಕ್ರೇನ್ ಎಲ್ಲಿ? ಇಪ್ಪತ್ತೈದು ಜನ ಸಲಿಕೆ, ಬಕೆಟ್ಟು, ಹಗ್ಗ ಹಿಡಿದು ತಲೆಗೆ ದಿನಕ್ಕೆ ಒಂದು ಟನ್ ಎತ್ತಿದರೂ 2,400 ದಿನ. ಆರೂವರೆ ವರ್ಷ, ಒಂದು ದಿನವೂ ರಜೆ ಇಲ್ಲದೆ. ಅಷ್ಟು ಹೊತ್ತಿಗೆ ಎಣ್ಣೆ ಮುಗಿದು ಹಡಗು ಕತ್ತಲಾಗಿ ಎಷ್ಟೋ ಕಾಲವಾಗಿರುತ್ತದೆ. ಹತ್ತು ಬುಟ್ಟಿ ಇಳಿಸಬಹುದು. ಅಷ್ಟನ್ನು ಅಲ್ಲಿಯ ಕಮ್ಮಾರರು ಇದ್ದಿಲಿನ ಕುಲುಮೆಯಲ್ಲಿ ಕರಗಿಸಿಯೂ ನೋಡಬಹುದು.


ಕದ್ರಿ ಗುಡ್ಡೆ:

ಹತ್ತು ಬುಟ್ಟಿ ಅಂದಾಗ ನನಗೆ ಬೇರೊಂದು ಹೊಳೆಯಿತು, ಹೇಳಿಬಿಡುತ್ತೇನೆ. ಆ ಅದಿರು ಕುದುರೆಮುಖದ್ದು. ಬೆಟ್ಟ ಅಗೆದು, ಪುಡಿಮಾಡಿ, ನೀರಿನಲ್ಲಿ ಕಲಸಿ 67 ಕಿಲೋಮೀಟರ್ ಪೈಪಿನಲ್ಲಿ ಪಣಂಬೂರಿಗೆ ಹರಿಸಿ ಉಂಡೆ ಕಟ್ಟಿದ್ದು. 2005ರ ಕೊನೆಗೆ ಗಣಿ ನಿಂತಿತು. ಅಗೆದ ಜಾಗ ನಾನು ನೋಡಿದ್ದೇನೆ, ಮೆಟ್ಟಿಲು ಮೆಟ್ಟಿಲಾಗಿ ಕೆಂಪು. ತುಂಗೆ, ಭದ್ರೆ, ನೇತ್ರಾವತಿ ಹುಟ್ಟುವ ಸೀಮೆ ಅದು. 1132ರಲ್ಲಿ ಮೋಡ ಬಿಟ್ಟ ಬೆಳಿಗ್ಗೆ ಹಡಗಿನವರು ಪೂರ್ವಕ್ಕೆ ನೋಡಿದರೆ ಘಟ್ಟದ ಸಾಲು ಕಾಣುತ್ತದೆ. ಆ ಬೆಟ್ಟವನ್ನು ಇನ್ನೂ ಯಾರೂ ಮುಟ್ಟಿಲ್ಲ. ಅದರ ಹೊಟ್ಟೆಯೊಳಗಿನ ಕಲ್ಲೇ ಇವರ ಹೋಲ್ಡಿನಲ್ಲೂ ಇದೆ. ಒಂದೇ ಕಲ್ಲು, ಅಲ್ಲೂ ಇದೆ, ಇಲ್ಲೂ ಇದೆ.


ಮರವಂತೆ ಹುಡುಗಿ:

ಸರ್, ಹಡಗು ವಾಪಸು ಬರುವ ದಾರಿ ನನಗೆ ಇದರಲ್ಲಿ ಸಿಕ್ಕಿತು. ಇಲ್ಲಿ ಹೇಳುವುದಿಲ್ಲ, ಅಕ್ಕನ ಮಗನಿಗೆ ಮೊದಲು ಹೇಳಬೇಕು. ರೇಡಿಯೋ ವಿಷಯ ಯಾರಾದರೂ ಹೇಳಿ.


ನಾಲ್ಕರಿಂದ ಎಂಟು:

ಅಯ್ಯೋ, ಅದನ್ನು ಮರೆತೆ. ಬ್ರಿಡ್ಜಿನಲ್ಲಿ ಸುಕಾನಿಯ ಪಕ್ಕ ಟ್ರಾನ್ಸಿಸ್ಟರ್ ಇಡುವ ಕ್ರಮ ಇಲ್ಲ ತಂಗಿ, ನಾನಂತೂ ಬಿಡುತ್ತಿರಲಿಲ್ಲ. ವಾಚ್ ಅಂದರೆ ಕಿವಿ ಹೊರಗೆ ಇರಬೇಕು. ನಿಮ್ಮ ಅಪ್ಪಯ್ಯನಿಗೂ ಅದು ಗೊತ್ತು, ಅವರು ಇಟ್ಟುಕೊಳ್ಳುವವರಲ್ಲ. ಆದರೆ ಧುನ್ ಬಿಡಬೇಡಿ, ಬಹಳ ಒಳ್ಳೆಯದು. ಅದನ್ನು ಗ್ಯಾಲಿಗೆ, ಹಡಗಿನ ಅಡುಗೆಮನೆಗೆ, ಕೊಡಿ. ಭಂಡಾರಿ ಐದಕ್ಕೇ ಎದ್ದು ಹಿಟ್ಟು ಕಲಸುತ್ತಿರುತ್ತಾನೆ, ಒಬ್ಬನೇ, ರೇಡಿಯೋ ಹಾಕಿಕೊಂಡು. ಬ್ರಿಡ್ಜಿನವರಿಗೆ ಟೆಲೆಕ್ಸ್ ಮೊದಲೇ ಸಮಾಧಾನ ಹೇಳಿಟ್ಟಿದೆ, ಅವರು ಮೂರು ದಿನ ಮೋಸ ಹೋಗುತ್ತಾರೆ. ಭಂಡಾರಿಗೆ ಯಾರೂ ಏನೂ ಹೇಳಿಲ್ಲ. ಧುನ್ ಬರಲಿಲ್ಲ. ಮುಳ್ಳು ತಿರುಗಿಸುತ್ತಾನೆ, ಕೋಯಿಕ್ಕೋಡ್ ಇಲ್ಲ, ಸಿಲೋನ್ ಇಲ್ಲ. ಈ ತುದಿಯಿಂದ ಆ ತುದಿಯವರೆಗೆ ಸಿಡಿಲಿನ ಚಟಚಟ ಮಾತ್ರ. ಹಿಟ್ಟಿನ ಕೈಯಲ್ಲೇ ಮೇಲೆ ಓಡಿ ಬರುವವನು ಅವನು. ಅವನು ಹೇಳಿದ್ದನ್ನು ನಂಬುವವರು ಸುಕಾನಿ ಒಬ್ಬರೇ ಇರಲಿ.

ಒಂದು ಸಣ್ಣ ಸಂಗತಿ, ತಪ್ಪದೆ ಬರೆಯಿರಿ. ಹಡಗು ಉಕ್ಕಿನ ಪೆಟ್ಟಿಗೆ, ಒಳಗೆ ಟ್ರಾನ್ಸಿಸ್ಟರ್ ಹಿಡಿಯುವುದಿಲ್ಲ. ಪೋರ್ಟ್‌ಹೋಲ್ (ದುಂಡು ಕಿಟಕಿ) ಸಂದಿನಿಂದ ಒಂದು ತಾಮ್ರದ ತಂತಿ ಹೊರಗೆ ಬಿಟ್ಟು, ಇನ್ನೊಂದು ತುದಿಯನ್ನು ಬಟ್ಟೆ ಕ್ಲಿಪ್ಪಿನಿಂದ ರೇಡಿಯೋದ ಏರಿಯಲ್‌ಗೆ ಕಚ್ಚಿಸುತ್ತಿದ್ದೆವು. ಊರಿನ ಸ್ಟೇಷನ್ ಕೇಳಬೇಕು ಅನ್ನುವ ಪ್ರತಿಯೊಬ್ಬನ ಹತ್ತಿರವೂ ಅಂಥದ್ದೊಂದು ಸುರುಳಿ ಇರುತ್ತಿತ್ತು.


ಮರವಂತೆ ಹುಡುಗಿ:

ಪೆಟ್ಟಿಗೆಯಿಂದ ತೆಗೆದು ಬಿಚ್ಚಿ ಅಳತೆ ಮಾಡಿದೆ. ಹನ್ನೊಂದು ಮೊಳ ಇದೆ. ಕ್ಲಿಪ್ಪಿನ ಸ್ಪ್ರಿಂಗು ತುಕ್ಕು ಹಿಡಿದಿದೆ, ಆದರೆ ಕಚ್ಚುತ್ತದೆ.